ಗಾಜಿನ ಪೆಟ್ಟಿಗೆಯಲ್ಲಿರುವುದು ಲೆನಿನ್ ದೇಹವೋ, ಮೇಣದ ಬೊಂಬೆಯೋ?

ನಮ್ಮ ವರದಿಗಾರರಿಂದ

ಮಾಸ್ಕೋ ನಗರದ ಕೆಂಪು ಚೌಕದಲ್ಲಿ, ಕ್ರೆಮ್ಲಿನ್ ಕೋಟೆಗೋಡೆಯ ಬದಿಯಲ್ಲಿ, ಕೆಂಪು ಹಾಗೂ ಕಪ್ಪು ಶಿಲೆಗಳಿಂದ ಮೆಟ್ಟಿಲು ಮೆಟ್ಟಿಲಾಗಿ ಕಟ್ಟಿದ ಸಮಾಧಿ ಭವನವಿದೆ. ಅದರೊಳಗೆ ಗುಂಡು ನಿರೋಧಕ ಗಾಜಿನ ಪೆಟ್ಟಿಗೆಯಲ್ಲಿ ಕಪ್ಪು ಸೂಟು ತೊಟ್ಟ ದೇಹವೊಂದನ್ನು ಮಲಗಿಸಲಾಗಿದೆ. 1924ರ ಜನವರಿ 21ರಂದು ನಿಧನರಾದ ಸೋವಿಯತ್ ಒಕ್ಕೂಟದ ಸ್ಥಾಪಕ ವ್ಲಾದಿಮಿರ್ ಇಲಿಚ್ ಲೆನಿನ್ ಅವರ ಪಾರ್ಥಿವ ಶರೀರ ಇದೆಂಬುದು ರಷ್ಯಾ ಸರಕಾರದ ಅಧಿಕೃತ ನಿಲುವು. ಆದರೆ ಆ ದೇಹ ಎಷ್ಟು ಹಳೆಯದೋ, ಅದರ ಬಗೆಗಿನ ಸಂಶಯವೂ ಹೆಚ್ಚು ಕಡಿಮೆ ಅಷ್ಟೇ ಹಳೆಯದು. ಅದು ನಿಜದೇಹವಲ್ಲ, ಮೇಣದ ಬೊಂಬೆ ಎಂಬ ಮಾತು 1920ರ ದಶಕದಲ್ಲಿಯೇ ಹುಟ್ಟಿ, ಸೋವಿಯತ್ ಒಕ್ಕೂಟ ಕಣ್ಮರೆಯಾದ ಮೇಲೂ ಉಳಿದುಕೊಂಡಿದೆ.

ಈ ಸಂಶಯಕ್ಕೆ ಆಧಾರವೇನು, ಅದಕ್ಕೆ ಕಾಲಕಾಲಕ್ಕೆ ದೊರೆತ ಉತ್ತರಗಳೇನು, ಇನ್ನೂ ಉತ್ತರ ಸಿಗದೆ ಉಳಿದಿರುವುದು ಯಾವುದು ಎಂಬುದರ ವಿವರ ಇಲ್ಲಿದೆ.

ನಾಲ್ಕು ತಿಂಗಳ ಕಾರ್ಯಾಚರಣೆ

ಮಾಸ್ಕೋ ಸಮೀಪದ ಗೋರ್ಕಿ ಎಂಬಲ್ಲಿ ಲೆನಿನ್ ಕೊನೆಯುಸಿರೆಳೆದಾಗ ಅವರಿಗೆ 53 ವರ್ಷ. ಮರುದಿನ ರೋಗಶಾಸ್ತ್ರಜ್ಞ ಅಲೆಕ್ಸೇಯ್ ಅಬ್ರಿಕೊಸೊವ್ ಮರಣೋತ್ತರ ಪರೀಕ್ಷೆ ನಡೆಸಿ, ದೇಹ ಕೆಲವು ದಿನಗಳ ಮಟ್ಟಿಗೆ ಕೆಡದಿರುವಂತೆ ರಾಸಾಯನಿಕ ದ್ರಾವಣವನ್ನು ಒಳಸೇರಿಸಿದರು. ದೇಹವನ್ನು ಶಾಶ್ವತವಾಗಿ ಉಳಿಸಬೇಕೆಂಬ ಆಲೋಚನೆ ಆಗ ಇರಲಿಲ್ಲ. ಹೀಗಾಗಿ ಪರೀಕ್ಷೆಯ ವೇಳೆ ಪ್ರಮುಖ ರಕ್ತನಾಳಗಳನ್ನು ಕತ್ತರಿಸಲಾಯಿತು. ಮುಂದೆ ಶರೀರದ ಎಲ್ಲ ಭಾಗಗಳಿಗೂ ದ್ರಾವಣ ತಲುಪಿಸುವ ಕೆಲಸ ಕಠಿಣವಾಗಲು ಇದೇ ಕಾರಣವಾಯಿತು.

ಜನವರಿ 27ರಂದು ಅಂತ್ಯಕ್ರಿಯೆ ನಡೆದಾಗ ಮಾಸ್ಕೋದಲ್ಲಿ ಕೊರೆಯುವ ಚಳಿ. ವಾಸ್ತುಶಿಲ್ಪಿ ಅಲೆಕ್ಸೇಯ್ ಶ್ಚೂಸೆವ್ ತರಾತುರಿಯಲ್ಲಿ ನಿರ್ಮಿಸಿದ ಮರದ ಸಮಾಧಿ ಗೃಹದಲ್ಲಿ ದೇಹವನ್ನು ಇರಿಸಲಾಯಿತು. ಚಳಿಯೇ ಎರಡು ತಿಂಗಳ ಕಾಲ ದೇಹವನ್ನು ಕಾಯಿತೆನ್ನಬಹುದು. ದೇಹವನ್ನು ಶೈತ್ಯೀಕರಿಸಿ ಇಡಬೇಕೆಂಬುದು ಬೊಲ್ಶೆವಿಕ್ ನಾಯಕರೂ ಎಂಜಿನಿಯರರೂ ಆದ ಲಿಯೊನಿದ್ ಕ್ರಾಸಿನ್ ಅವರ ಸಲಹೆಯಾಗಿತ್ತು. ಆದರೆ ಮಾರ್ಚ್ ವೇಳೆಗೆ ಮುಖ ಮತ್ತು ಕೈಗಳ ಮೇಲೆ ಕಪ್ಪು ಕಲೆಗಳು ಮೂಡಿ, ಚರ್ಮ ಬಣ್ಣಗೆಡತೊಡಗಿತು.

ಆಗ ಕರೆ ಹೋದದ್ದು ಖಾರ್ಕಿವ್‌ನ ಅಂಗರಚನಾ ಶಾಸ್ತ್ರಜ್ಞ ವ್ಲಾದಿಮಿರ್ ವೊರೊಬಿಯೊವ್ ಅವರಿಗೆ. ಜೀವರಸಾಯನ ವಿಜ್ಞಾನಿ ಬೋರಿಸ್ ಝ್ಬಾರ್ಸ್ಕಿ ಅವರೊಂದಿಗೆ ಸೇರಿ ಅವರು ಮಾರ್ಚ್ ಅಂತ್ಯದಿಂದ ಜುಲೈ ಅಂತ್ಯದವರೆಗೆ, ಸುಮಾರು ನಾಲ್ಕು ತಿಂಗಳ ಕಾಲ ಶ್ರಮಿಸಿದರು. 1924ರ ಆಗಸ್ಟ್ 1ರಂದು ಸಮಾಧಿ ಗೃಹವು ಸಾರ್ವಜನಿಕರಿಗೆ ತೆರೆಯಿತು. ಇಂದು ಕಾಣುವ ಶಿಲಾ ಭವನ ಸಿದ್ಧವಾದದ್ದು 1930ರಲ್ಲಿ.

ವಿಧಾನವೇನು?

ಈಜಿಪ್ಟಿನ ಮಮ್ಮಿಗಳಂತೆ ದೇಹವನ್ನು ಒಣಗಿಸಿ ಇಡುವುದು ಈ ವಿಜ್ಞಾನಿಗಳ ಗುರಿಯಾಗಿರಲಿಲ್ಲ. ಚರ್ಮದಲ್ಲಿ ತೇವ, ಕೀಲುಗಳಲ್ಲಿ ಬಾಗುವ ಗುಣ, ಮುಖದಲ್ಲಿ ಜೀವಂತ ಹೋಲಿಕೆ ಉಳಿಯಬೇಕಿತ್ತು. ಇದಕ್ಕೆ ಅವರು ಬಳಸಿದ ಮುಖ್ಯ ಪದಾರ್ಥಗಳು ಮೂರು.

ಮೊದಲನೆಯದು ಫಾರ್ಮಾಲಿನ್. ಇದು ಅಂಗಾಂಶದಲ್ಲಿನ ಪ್ರೋಟೀನುಗಳನ್ನು ಒಂದಕ್ಕೊಂದು ಬೆಸೆದು, ಕೊಳೆಯುವ ಕ್ರಿಯೆಯನ್ನು ತಡೆಯುತ್ತದೆ. ಎರಡನೆಯದು ಗ್ಲಿಸರಿನ್. ಅಂಗಾಂಶದೊಳಗಿನ ನೀರಿನ ಸ್ಥಾನವನ್ನು ಇದು ಆಕ್ರಮಿಸಿ, ಚರ್ಮ ಸುಕ್ಕುಗಟ್ಟದಂತೆ ನೋಡಿಕೊಳ್ಳುತ್ತದೆ. ಮೂರನೆಯದು ಪೊಟ್ಯಾಸಿಯಂ ಅಸಿಟೇಟ್ ಎಂಬ ಲವಣ. ಗಾಳಿಯಲ್ಲಿನ ತೇವವನ್ನು ಹೀರಿ ಹಿಡಿದಿಡುವ ಗುಣ ಇದಕ್ಕಿದೆ. ಸುತ್ತಲಿನ ಗಾಳಿಯ ಉಷ್ಣತೆ ಸುಮಾರು 16 ಡಿಗ್ರಿ ಸೆಲ್ಸಿಯಸ್ ಹಾಗೂ ತೇವಾಂಶ ಶೇ. 80ರಿಂದ 90ರಷ್ಟು ಇದ್ದಲ್ಲಿ ದೇಹವು ನೀರನ್ನು ಕಳೆದುಕೊಳ್ಳುವುದೂ ಇಲ್ಲ, ಹೆಚ್ಚು ಹೀರುವುದೂ ಇಲ್ಲ. ಮುಖದ ಮೇಲಿನ ಕಲೆಗಳನ್ನು ತೆಗೆಯಲು ಹೈಡ್ರೋಜನ್ ಪೆರಾಕ್ಸೈಡ್ ಬಳಸಲಾಯಿತು. ಕಣ್ಣುಗುಳಿಗಳಲ್ಲಿ ಕೃತಕ ಗೋಲಕಗಳನ್ನಿರಿಸಿ ರೆಪ್ಪೆಗಳನ್ನು ಮುಚ್ಚಲಾಯಿತು. ತುಟಿಗಳನ್ನು ಮೀಸೆಯ ಮರೆಯಲ್ಲಿ ಹೊಲಿಯಲಾಯಿತು.

ಒಮ್ಮೆ ಮಾಡಿ ಮುಗಿಸುವ ಕೆಲಸ ಇದಲ್ಲ ಎಂಬುದು ಗಮನಾರ್ಹ. ದೇಹವನ್ನು ನಿಯತವಾಗಿ ಪರಿಶೀಲಿಸಲಾಗುತ್ತದೆ. ಸುಮಾರು ಎರಡು ವರ್ಷಕ್ಕೊಮ್ಮೆ ಸಮಾಧಿ ಭವನವನ್ನು ಮುಚ್ಚಿ, ದೇಹವನ್ನು ಗ್ಲಿಸರಿನ್ ಮತ್ತಿತರ ದ್ರಾವಣಗಳ ತೊಟ್ಟಿಯಲ್ಲಿ ಮುಳುಗಿಸಿ ಇಡುವ ಕ್ರಮ ಬೆಳೆದುಬಂದಿದೆ. 1939ರಲ್ಲಿ ಇದಕ್ಕೆಂದೇ ಪ್ರತ್ಯೇಕ ಪ್ರಯೋಗಾಲಯ ಸ್ಥಾಪನೆಯಾಯಿತು. ಸೋವಿಯತ್ ಕಾಲದ ಉತ್ತುಂಗದಲ್ಲಿ ಅಲ್ಲಿ ಸುಮಾರು 200 ಮಂದಿ ಕೆಲಸ ಮಾಡುತ್ತಿದ್ದರೆಂದರೆ ಅದಕ್ಕೆ ನೀಡಿದ್ದ ಮಹತ್ವ ಅರ್ಥವಾದೀತು.

ಸಂಶಯ ಹುಟ್ಟಿದ್ದೇಕೆ?

ಸಂಶಯಕ್ಕೆ ಮೊದಲ ಕಾರಣ, ಕಣ್ಣಿಗೆ ಕಾಣುವ ನೋಟವೇ. ಭವನದೊಳಗೆ ಮಂದ ಬೆಳಕು. ದೇಹದ ಮೇಲೆ ಮಾತ್ರ ವಿಶೇಷವಾಗಿ ಹೊಂದಿಸಿದ ದೀಪಗಳು. ಕಾಣುವುದು ಮುಖ ಮತ್ತು ಎರಡು ಕೈಗಳಷ್ಟೇ. ಉಳಿದ ಭಾಗವನ್ನೆಲ್ಲ ಉಡುಪು ಮುಚ್ಚಿದೆ. ಕ್ಯಾಮೆರಾ ಒಯ್ಯುವಂತಿಲ್ಲ, ನಿಂತು ನೋಡುವಂತಿಲ್ಲ, ಸಾಲಿನಲ್ಲಿ ಸಾಗುತ್ತಲೇ ನೋಡಿ ಹೊರಬರಬೇಕು. ಗ್ಲಿಸರಿನ್ ತುಂಬಿದ ಚರ್ಮಕ್ಕೆ ಸಹಜವಾಗಿಯೇ ಒಂದು ಬಗೆಯ ನುಣುಪು, ಹೊಳಪು ಬರುತ್ತದೆ. ಮೇಣವನ್ನು ನೆನಪಿಸುವುದು ಇದೇ ಹೊಳಪು.

ಎರಡನೆಯ ಕಾರಣ, ಗೋಪ್ಯತೆ. ಪ್ರಯೋಗಾಲಯದ ಕೆಲಸ ದಶಕಗಳ ಕಾಲ ಸರಕಾರಿ ರಹಸ್ಯವಾಗಿತ್ತು. ಹೊರಗಿನವರಿಗೆ ತಿಳಿಯದ ಸಂಗತಿಯ ಸುತ್ತ ಕತೆ ಬೆಳೆಯುವುದು ಎಲ್ಲ ಕಡೆಯೂ ಇದ್ದದ್ದೇ.

ಮೂರನೆಯದು, ಯುದ್ಧಕಾಲದ ಸ್ಥಳಾಂತರ. 1941ರ ಜೂನ್‌ನಲ್ಲಿ ಜರ್ಮನಿಯು ದಾಳಿ ಮಾಡಿದ ಕೆಲವೇ ದಿನಗಳಲ್ಲಿ, ಜುಲೈ ಆರಂಭದಲ್ಲಿ, ದೇಹವನ್ನು ವಿಶೇಷ ರೈಲಿನಲ್ಲಿ ಸೈಬೀರಿಯಾದ ತ್ಯುಮೆನ್ ನಗರಕ್ಕೆ ಗುಟ್ಟಾಗಿ ಸಾಗಿಸಿ, ಅಲ್ಲಿನ ಶಿಕ್ಷಣ ಸಂಸ್ಥೆಯೊಂದರ ಕಟ್ಟಡದಲ್ಲಿ ಇರಿಸಲಾಯಿತು. ಅತ್ತ ಮಾಸ್ಕೋದಲ್ಲಿ ಬರಿದಾದ ಸಮಾಧಿ ಭವನದ ಮುಂದೆ ಪಹರೆ ಎಂದಿನಂತೆ ನಡೆದಿತ್ತು. 1945ರಲ್ಲಿ ದೇಹ ಮರಳಿ ಬಂದು, ಸೆಪ್ಟೆಂಬರ್‌ನಲ್ಲಿ ಭವನ ಮತ್ತೆ ತೆರೆಯಿತು. ನಾಲ್ಕು ವರ್ಷ ಜನರ ಕಣ್ಣಿಗೆ ಬೀಳದೆ ಹೋದದ್ದು ಅದೇ ಸ್ಥಿತಿಯಲ್ಲಿ ಹಿಂದಿರುಗಿತೇ ಎಂಬ ಪ್ರಶ್ನೆ ಸಹಜವಾಗಿ ಎದ್ದಿತು. ಪಹರೆಯಿದ್ದ ಮಾತ್ರಕ್ಕೆ ಒಳಗೆ ದೇಹವಿದೆ ಎನ್ನಲಾಗದು ಎಂಬುದನ್ನು ಸರಕಾರವೇ ತೋರಿಸಿಕೊಟ್ಟಂತಾಗಿತ್ತು.

ನಾಲ್ಕನೆಯದು, ದೇಹದ ಮೇಲೆ ನಡೆದ ದಾಳಿಗಳು. 1934ರ ಮಾರ್ಚ್‌ನಲ್ಲಿ ವ್ಯಕ್ತಿಯೊಬ್ಬ ದೇಹದತ್ತ ಗುಂಡು ಹಾರಿಸಲು ಯತ್ನಿಸಿ, ತಾನೇ ಗುಂಡು ಹೊಡೆದುಕೊಂಡು ಸತ್ತ. 1959ರಲ್ಲಿ ಮತ್ತೊಬ್ಬ ಸುತ್ತಿಗೆ ಎಸೆದು ಗಾಜು ಒಡೆದ. 1960ರಲ್ಲಿ ಇನ್ನೊಬ್ಬ ಕಟಕಟೆ ಹಾರಿ ಗಾಜನ್ನು ಕಾಲಿನಿಂದ ಒದ್ದು ಪುಡಿಮಾಡಿದ. ಚೂರುಗಳಿಂದ ದೇಹಕ್ಕೂ ಹಾನಿಯಾಯಿತು. 1973ರಲ್ಲಿ ಬಾಂಬ್ ಸ್ಫೋಟಿಸಿ, ಅದನ್ನು ತಂದವನೂ ಸೇರಿದಂತೆ ಜೀವಹಾನಿ ಸಂಭವಿಸಿತು. ಇಂತಹ ಪ್ರತಿ ಘಟನೆಯ ನಂತರವೂ ಭವನವನ್ನು ಮುಚ್ಚಿ ತೆರೆದಾಗ, ಒಳಗೆ ಇಟ್ಟಿರುವುದು ಹಳೆಯದೋ ಹೊಸದೋ ಎಂಬ ಗುಸುಗುಸು ತಪ್ಪಲಿಲ್ಲ.

ಮೂಗು ಹಿಡಿದು ತೋರಿಸಿದ ವಿಜ್ಞಾನಿ

ಸೋವಿಯತ್ ಸರಕಾರ ಈ ಮಾತುಗಳನ್ನು ಕಡೆಗಣಿಸಲಿಲ್ಲ. 1930ರ ದಶಕದಲ್ಲಿ ಮೇಣದ ಬೊಂಬೆಯ ವದಂತಿ ವಿದೇಶಿ ಪತ್ರಿಕೆಗಳಲ್ಲಿ ಬಲವಾದಾಗ, ವಿದೇಶಿ ವರದಿಗಾರರ ಗುಂಪೊಂದನ್ನು ಸಮಾಧಿ ಭವನಕ್ಕೆ ಕರೆದೊಯ್ಯಲಾಯಿತು. ಝ್ಬಾರ್ಸ್ಕಿ ಅವರು ಅವರೆದುರೇ ಗಾಜಿನ ಪೆಟ್ಟಿಗೆ ತೆರೆದು, ಲೆನಿನ್ ಅವರ ಮೂಗನ್ನು ಹಿಡಿದು, ತಲೆಯನ್ನು ಎಡಕ್ಕೂ ಬಲಕ್ಕೂ ತಿರುಗಿಸಿ ತೋರಿಸಿದರೆಂದು ಆ ಗುಂಪಿನಲ್ಲಿದ್ದ ಅಮೆರಿಕದ ಪತ್ರಕರ್ತ ಲೂಯಿ ಫಿಷರ್ ದಾಖಲಿಸಿದ್ದಾರೆ. ಮೇಣದ ಬೊಂಬೆಯಾಗಿದ್ದಲ್ಲಿ ಕತ್ತು ಹಾಗೆ ಹೊರಳಲಾರದು ಎಂಬುದು ಈ ಪ್ರದರ್ಶನದ ತಾತ್ಪರ್ಯ.

ಅದಕ್ಕೂ ಮುನ್ನ 1927ರ ನವೆಂಬರ್‌ನಲ್ಲಿ, ಕ್ರಾಂತಿಯ ದಶಮಾನೋತ್ಸವದ ಸಂದರ್ಭದಲ್ಲಿ, ಜವಾಹರಲಾಲ್ ನೆಹರೂ ತಂದೆ ಮೋತಿಲಾಲ್ ಅವರೊಂದಿಗೆ ಮಾಸ್ಕೋಗೆ ಭೇಟಿ ನೀಡಿದ್ದರು. ಆಗಿನ್ನೂ ಮರದ್ದಾಗಿದ್ದ ಸಮಾಧಿ ಗೃಹವನ್ನು ನೋಡಿ, ನಿದ್ರಿಸುತ್ತಿರುವವರಂತೆ ಕಾಣುವ ಲೆನಿನ್ ಅವರ ವರ್ಣನೆಯನ್ನು ತಮ್ಮ ರಷ್ಯಾ ಪ್ರವಾಸದ ಬರಹಗಳಲ್ಲಿ ನೀಡಿದ್ದಾರೆ. ನೋಡಿ ಬಂದವರಲ್ಲಿ ಬೆರಗಾದವರೂ ಇದ್ದರು, ನಂಬದೆ ಮರಳಿದವರೂ ಇದ್ದರು.

ಸಂಶಯಕ್ಕೆ ದೊಡ್ಡ ಉತ್ತರ ದೊರೆತದ್ದು ಮಾತ್ರ ಸೋವಿಯತ್ ಒಕ್ಕೂಟ ಕುಸಿದ ನಂತರ. ಬೋರಿಸ್ ಝ್ಬಾರ್ಸ್ಕಿ ಅವರ ಪುತ್ರ ಇಲ್ಯಾ ಝ್ಬಾರ್ಸ್ಕಿ 1934ರಿಂದ 1952ರವರೆಗೆ ಇದೇ ಕೆಲಸದಲ್ಲಿದ್ದವರು. 1952ರಲ್ಲಿ ಸ್ಟಾಲಿನ್ ಆಡಳಿತವು ತಂದೆಯನ್ನು ಬಂಧಿಸಿತು. 1953ರ ಕೊನೆಯಲ್ಲಿ ಬಿಡುಗಡೆಯಾದ ಅವರು ಮರುವರ್ಷವೇ ತೀರಿಕೊಂಡರು. ಮಗನೂ ಕೆಲಸ ಕಳೆದುಕೊಂಡರು. ಹೀಗೆ ಆಡಳಿತದಿಂದ ನೊಂದಿದ್ದ, ಅದನ್ನು ಸಮರ್ಥಿಸಿಕೊಳ್ಳುವ ಯಾವ ಅಗತ್ಯವೂ ಇಲ್ಲದಿದ್ದ ಇಲ್ಯಾ, 1990ರ ದಶಕದಲ್ಲಿ ಬರೆದ ನೆನಪುಗಳಲ್ಲಿ ದೇಹ ಸಂರಕ್ಷಣೆಯ ಹಂತಗಳನ್ನು ಬಿಡಿಸಿಟ್ಟರು. ದೇಹವನ್ನು ತಾವೇ ದ್ರಾವಣದಲ್ಲಿ ಮುಳುಗಿಸಿ ಎತ್ತಿದ ಅನುಭವವನ್ನು ಹೇಳಿದರೇ ವಿನಾ, ಅದು ಬೊಂಬೆ ಎನ್ನಲಿಲ್ಲ. ಸಾಕ್ಷಿಯ ತೂಕ ನೋಡುವಾಗ ಈ ಅಂಶ ಮುಖ್ಯವಾದುದು.

ಎಷ್ಟು ಭಾಗ ನಿಜ?

ಹಾಗೆಂದ ಮಾತ್ರಕ್ಕೆ 1924ರಲ್ಲಿದ್ದ ದೇಹವೇ ಪೂರ್ತಿಯಾಗಿ ಇಂದಿಗೂ ಇದೆಯೆನ್ನಲಾಗದು. ಮೆದುಳನ್ನು ಮರಣೋತ್ತರ ಪರೀಕ್ಷೆಯಲ್ಲೇ ತೆಗೆಯಲಾಗಿತ್ತು. ಜರ್ಮನಿಯ ನರವಿಜ್ಞಾನಿ ಓಸ್ಕರ್ ಫೋಗ್ಟ್ ಅವರ ನೇತೃತ್ವದಲ್ಲಿ ಅದನ್ನು ಸುಮಾರು 30 ಸಾವಿರ ತೆಳು ಪದರಗಳಾಗಿ ಸೀಳಿ ಅಧ್ಯಯನ ಮಾಡಲಾಯಿತು. ಇತರ ಒಳ ಅಂಗಗಳೂ ದೇಹದಲ್ಲಿಲ್ಲ.

ಅಮೆರಿಕದ ಬರ್ಕ್ಲಿ ವಿಶ್ವವಿದ್ಯಾಲಯದ ಮಾನವಶಾಸ್ತ್ರಜ್ಞ ಅಲೆಕ್ಸೇಯ್ ಯುರ್ಚಾಕ್ ಈ ಪ್ರಯೋಗಾಲಯದ ಕಾರ್ಯವಿಧಾನವನ್ನು ಅಧ್ಯಯನ ಮಾಡಿ 2015ರಲ್ಲಿ ಪ್ರಬಂಧ ಪ್ರಕಟಿಸಿದರು. ಅವರ ಪ್ರಕಾರ ಅಲ್ಲಿನ ವಿಜ್ಞಾನಿಗಳ ಕಾಳಜಿ ಮೂಲ ಅಂಗಾಂಶವನ್ನು ಹಾಗೆಯೇ ಉಳಿಸುವುದಕ್ಕಿಂತ ಹೆಚ್ಚಾಗಿ ದೇಹದ ರೂಪ, ತೂಕ, ಬಣ್ಣ, ಕೀಲುಗಳ ಬಾಗುವಿಕೆಯನ್ನು ಉಳಿಸುವುದರ ಕಡೆಗಿದೆ. ಅಗತ್ಯ ಬಿದ್ದಲ್ಲಿ ಹಾಳಾದ ಭಾಗಕ್ಕೆ ಬದಲಿ ಪದಾರ್ಥ ಸೇರಿಸಲಾಗುತ್ತದೆ. ಚರ್ಮದಡಿಯ ಕೊಬ್ಬಿನ ಸ್ಥಾನದಲ್ಲಿ ಪ್ಯಾರಾಫಿನ್, ಗ್ಲಿಸರಿನ್ ಮತ್ತು ಕ್ಯಾರೊಟಿನ್ ಬೆರೆತ ಮಿಶ್ರಣವನ್ನು ತುಂಬಿದ್ದುಂಟು. ಕಣ್ಣೆವೆಗಳು ಕೃತಕ. 1945ರಲ್ಲಿ ಪಾದದ ಚರ್ಮದ ತುಣುಕೊಂದು ಇಲ್ಲವಾದಾಗ ಅಲ್ಲಿಗೆ ಕೃತಕ ಚರ್ಮದ ತೇಪೆ ಹಾಕಲಾಯಿತು.

ಪ್ಯಾರಾಫಿನ್ ಎಂದರೆ ಒಂದು ಬಗೆಯ ಮೇಣವೇ. ಆದ್ದರಿಂದ ಮೇಣವೆಂದು ಹೇಳುವವರ ಮಾತಿನಲ್ಲಿ ಲೇಶಮಾತ್ರ ಸತ್ಯಾಂಶವಿದೆ. ಆದರೆ ಅದು ಅವರು ಹೇಳುವ ಅರ್ಥದ ಸತ್ಯವಲ್ಲ. ಇಡೀ ದೇಹವನ್ನು ಒಂದು ರಾತ್ರಿ ಬದಲಿಸಿ ಬೊಂಬೆ ಇಟ್ಟರೆಂಬುದಕ್ಕೆ ಆಧಾರ ದೊರೆತಿಲ್ಲ. ದಶಕಗಳ ಅವಧಿಯಲ್ಲಿ ಸ್ವಲ್ಪ ಸ್ವಲ್ಪವಾಗಿ ಬದಲಿ ಪದಾರ್ಥ ಸೇರುತ್ತಾ ಬಂದಿದೆ ಎಂಬುದಕ್ಕೆ ಆಧಾರವಿದೆ. ಕಂಬ, ತೊಲೆ, ಚಪ್ಪಡಿಗಳನ್ನು ಒಂದೊಂದಾಗಿ ಬದಲಿಸಿ ಜೀರ್ಣೋದ್ಧಾರ ಮಾಡಿದ ದೇಗುಲವನ್ನು ಹಳೆಯ ದೇಗುಲವೆಂದೇ ಕರೆಯುತ್ತೇವೆ. ಅದೇ ನ್ಯಾಯವನ್ನು ಮನುಷ್ಯನ ದೇಹಕ್ಕೂ ಅನ್ವಯಿಸಬಹುದೇ ಎಂಬಲ್ಲಿ ಪ್ರಶ್ನೆ ವಿಜ್ಞಾನದ ಗಡಿ ದಾಟುತ್ತದೆ.

ಮಾವೋ: ಬೊಂಬೆ ನಿಜಕ್ಕೂ ಇತ್ತು

ಸಂಶಯವೆಲ್ಲವೂ ಬರಿಯ ಕಲ್ಪನೆಯೆಂದು ತಳ್ಳಿಹಾಕಲಾಗದು ಎಂಬುದಕ್ಕೆ ಚೀನಾದ ನಿದರ್ಶನವಿದೆ. 1976ರ ಸೆಪ್ಟೆಂಬರ್ 9ರಂದು ಮಾವೋ ತ್ಸೆ ತುಂಗ್ ನಿಧನರಾದಾಗ ಚೀನಾ ಹಾಗೂ ಸೋವಿಯತ್ ಒಕ್ಕೂಟದ ಸಂಬಂಧ ಹಳಸಿತ್ತು. ಮಾಸ್ಕೋದ ತಜ್ಞರ ನೆರವು ಕೇಳುವಂತಿರಲಿಲ್ಲ. ಮಾವೋ ಅವರ ಖಾಸಗಿ ವೈದ್ಯರಾಗಿದ್ದ ಲೀ ಝಿಸುಯಿ 1994ರಲ್ಲಿ ಪ್ರಕಟಿಸಿದ ನೆನಪುಗಳಲ್ಲಿ ಆಗಿನ ಪರದಾಟವನ್ನು ವಿವರಿಸಿದ್ದಾರೆ. ಲೆಕ್ಕಕ್ಕಿಂತ ಹೆಚ್ಚು, ಅಂದರೆ 22 ಲೀಟರಿನಷ್ಟು ಫಾರ್ಮಾಲಿನ್ ದ್ರಾವಣ ಸೇರಿಸಿದ್ದರಿಂದ ಮುಖ, ಕತ್ತು ಊದಿಕೊಂಡು ಗುರುತು ಸಿಗದಂತಾದವು. ಗಂಟೆಗಟ್ಟಲೆ ಒತ್ತಿ ತೀಡಿ ಊತ ಇಳಿಸಬೇಕಾಯಿತು ಎಂದು ಅವರು ಬರೆದಿದ್ದಾರೆ.

ಪ್ರಯತ್ನ ವಿಫಲವಾದಲ್ಲಿ ಕೈಗಿರಲಿ ಎಂದು ಮಾವೋ ಅವರ ಮೇಣದ ಪ್ರತಿರೂಪವನ್ನೂ ತಯಾರಿಸಲಾಗಿತ್ತೆಂದು, ಇದಕ್ಕಾಗಿ ಲಂಡನ್ನಿನ ಮೇಡಂ ಟುಸ್ಸಾಡ್ಸ್ ಸಂಗ್ರಹಾಲಯವನ್ನು ನೋಡಿ ಬರಲು ಜನರನ್ನು ಕಳುಹಿಸಲಾಗಿತ್ತೆಂದು ಲೀ ತಿಳಿಸಿದ್ದಾರೆ. 1977ರ ಸೆಪ್ಟೆಂಬರ್ 9ರಂದು ಬೀಜಿಂಗ್‌ನ ತಿಯಾನನ್ಮೆನ್ ಚೌಕದಲ್ಲಿ ಸ್ಮಾರಕ ಭವನ ತೆರೆಯಿತು. ಬೊಂಬೆಯೊಂದು ಸಿದ್ಧವಾಗಿತ್ತೆಂದು ತಿಳಿದ ಮೇಲೆ, ಜನರಿಗೆ ತೋರಿಸುತ್ತಿರುವುದು ಎರಡರಲ್ಲಿ ಯಾವುದು ಎಂಬ ಅನುಮಾನ ಎದ್ದದ್ದರಲ್ಲಿ ಆಶ್ಚರ್ಯವೇನಿಲ್ಲ. ಮಾಸ್ಕೋದ ಬೊಂಬೆ ವದಂತಿಯಾಗಿದ್ದರೆ, ಬೀಜಿಂಗ್‌ನದು ವೈದ್ಯರೊಬ್ಬರ ಹೇಳಿಕೆ. ಇದು ಎರಡು ಪ್ರಕರಣಗಳ ನಡುವಿನ ವ್ಯತ್ಯಾಸ.

ಪರೀಕ್ಷೆ ಏಕಿಲ್ಲ?

ವಂಶವಾಹಿ ಪರೀಕ್ಷೆಯ ಈ ಯುಗದಲ್ಲಿ ಸಂಶಯ ಪರಿಹರಿಸುವುದು ಕಷ್ಟವೇ ಎಂದು ಕೇಳಬಹುದು. ಬೊಲ್ಶೆವಿಕರು 1918ರಲ್ಲಿ ಗುಂಡಿಟ್ಟು ಕೊಂದ ಝಾರ್ ದೊರೆ ಎರಡನೆಯ ನಿಕೊಲಸ್ ಹಾಗೂ ಕುಟುಂಬದವರ ಅಸ್ಥಿಗಳನ್ನು 1991ರಲ್ಲಿ ಹೊರತೆಗೆದು ವಂಶವಾಹಿ ಪರೀಕ್ಷೆಗೆ ಒಳಪಡಿಸಲಾಯಿತು. ಬ್ರಿಟನ್ ರಾಣಿಯ ಪತಿ ರಾಜಕುಮಾರ ಫಿಲಿಪ್ ಅವರ ರಕ್ತದ ಮಾದರಿಯನ್ನು ಹೋಲಿಕೆಗೆ ಬಳಸಲಾಯಿತು. 1998ರಲ್ಲಿ ಸೇಂಟ್ ಪೀಟರ್ಸ್‌ಬರ್ಗ್‌ನಲ್ಲಿ ಸಮಾಧಿ ಮಾಡಲಾಯಿತು. ಅಂತಹ ಬಹಿರಂಗ ಪರೀಕ್ಷೆ ಲೆನಿನ್ ದೇಹಕ್ಕೆ ನಡೆದಿಲ್ಲ.

ತಾಂತ್ರಿಕ ತೊಡಕೂ ಇದೆ. ಫಾರ್ಮಾಲಿನ್ ವಂಶವಾಹಿ ಎಳೆಗಳನ್ನು ತುಂಡರಿಸಿ ಹಾಳುಗೆಡವುತ್ತದೆ. ಮೆದುಳಿನ ಪದರಗಳೊಂದಿಗೆ ಹೋಲಿಸಿದರೂ ಅವೆರಡೂ ಒಬ್ಬರದೇ ಎಂದಷ್ಟೇ ತಿಳಿದೀತು. ಬೇರೆ ಗುರುತುಗಳೂ ಇಲ್ಲದಿಲ್ಲ. 1918ರ ಆಗಸ್ಟ್ 30ರಂದು ನಡೆದ ಹತ್ಯಾ ಯತ್ನದಲ್ಲಿ ಲೆನಿನ್ ಅವರಿಗೆ ಎರಡು ಗುಂಡುಗಳು ತಗಲಿದ್ದವು. ಒಂದನ್ನು 1922ರಲ್ಲಿ ಶಸ್ತ್ರಚಿಕಿತ್ಸೆ ಮಾಡಿ ತೆಗೆಯಲಾಯಿತು. ಆ ಗಾಯಗಳ ವಿವರ ವೈದ್ಯಕೀಯ ದಾಖಲೆಗಳಲ್ಲಿದೆ.

ಆದರೆ ಪರೀಕ್ಷೆಯೊಂದರಿಂದಲೇ ಸಂಶಯ ತೀರುವುದೆಂಬ ಭರವಸೆಯೂ ಇಲ್ಲ. ಝಾರ್ ಕುಟುಂಬದ ಅಸ್ಥಿಗಳ ವಿಷಯದಲ್ಲಿ ವಂಶವಾಹಿ ಫಲಿತಾಂಶ ಬಂದ ಮೇಲೂ 1998ರಲ್ಲಿ ರಷ್ಯಾದ ಆರ್ಥೊಡಾಕ್ಸ್ ಚರ್ಚು ಅವುಗಳನ್ನು ಒಪ್ಪಲು ಹಿಂಜರಿದಿತ್ತು. ಪರೀಕ್ಷೆ ನಡೆಸುವವರ ಮೇಲೆ ನಂಬಿಕೆಯಿಲ್ಲದಿದ್ದಲ್ಲಿ ಪರೀಕ್ಷೆಯ ಫಲಿತಾಂಶದ ಮೇಲೂ ನಂಬಿಕೆ ಹುಟ್ಟದು.

ಬಯಸದ ಗೌರವ

ಈ ಚರ್ಚೆಯ ನಡುವೆ ಮರೆಯಾಗುವ ಸಂಗತಿಯೊಂದಿದೆ. ಲೆನಿನ್ ಪತ್ನಿ ನದೇಝ್ದಾ ಕ್ರೂಪ್ಸ್ಕಾಯಾ ಇಂತಹ ಆರಾಧನೆಯನ್ನು ವಿರೋಧಿಸಿದ್ದರು. ಪತಿಯ ಹೆಸರಿನಲ್ಲಿ ಸ್ಮಾರಕ, ಭವನಗಳನ್ನು ಕಟ್ಟಬೇಡಿ, ಅವರನ್ನು ಗೌರವಿಸುವುದಾದರೆ ಶಿಶುವಿಹಾರ, ಶಾಲೆ, ಆಸ್ಪತ್ರೆಗಳನ್ನು ಕಟ್ಟಿ ಎಂಬ ಆಶಯದ ಮನವಿಯನ್ನು ಅವರು 1924ರ ಜನವರಿ ಅಂತ್ಯದಲ್ಲಿ 'ಪ್ರಾವ್ದಾ' ಪತ್ರಿಕೆಯಲ್ಲಿ ಪ್ರಕಟಿಸಿದ್ದರು. ಮಾವೋ 1956ರಲ್ಲಿ ತಮ್ಮ ದೇಹವನ್ನು ದಹನ ಮಾಡಬೇಕೆಂಬ ಹೇಳಿಕೆಗೆ ಸಹಿ ಹಾಕಿದ್ದರು. 1969ರಲ್ಲಿ ನಿಧನರಾದ ವಿಯೆಟ್ನಾಂ ನಾಯಕ ಹೊ ಚಿ ಮಿನ್ ಕೂಡ ದಹನವನ್ನೇ ಬಯಸಿದ್ದರು. ಮೂವರ ದೇಹಗಳೂ ಗಾಜಿನೊಳಗೇ ಉಳಿದವು. ತಾಯಿಯ ಸಮಾಧಿಯ ಪಕ್ಕ ತಮ್ಮನ್ನು ಹೂಳಬೇಕೆಂದು ಲೆನಿನ್ ಕೋರಿದ್ದರೆಂಬ ಮಾತು 1989ರ ನಂತರ ಪ್ರಚಾರ ಪಡೆಯಿತಾದರೂ ಅಂತಹ ಉಯಿಲಿನ ದಾಖಲೆ ಪತ್ತೆಯಾಗಿಲ್ಲ.

ಅಧ್ಯಕ್ಷ ಬೋರಿಸ್ ಯೆಲ್ಸಿನ್ 1990ರ ದಶಕದಲ್ಲಿ ದೇಹವನ್ನು ಹೂಳುವ ಒಲವು ತೋರಿದ್ದರು. 2001ರಲ್ಲಿ ವ್ಲಾದಿಮಿರ್ ಪುಟಿನ್ ಇದನ್ನು ಒಪ್ಪಲಿಲ್ಲ. ತಮ್ಮ ಬದುಕನ್ನು ಲೆನಿನ್ ಹೆಸರಿನೊಂದಿಗೆ ಬೆಸೆದುಕೊಂಡ ಜನರಿಗೆ, ತಾವು ಹುಸಿ ಮೌಲ್ಯಗಳಿಗಾಗಿ ಬಾಳಿದೆವೆಂಬ ಭಾವನೆ ಬರಬಾರದೆಂಬುದು ಅವರು ನೀಡಿದ ಕಾರಣ. 2016ರಲ್ಲಿ ದೇಹ ಸಂರಕ್ಷಣೆಗೆ 1.3 ಕೋಟಿ ರೂಬಲ್ ವೆಚ್ಚವಾಗುವುದೆಂಬ ಅಧಿಕೃತ ಮಾಹಿತಿ ಹೊರಬಿದ್ದಾಗ, ಈ ಹಣ ಸಲ್ಲುತ್ತಿರುವುದು ಯಾವುದಕ್ಕೆ ಎಂಬ ಹಳೆಯ ಪ್ರಶ್ನೆ ಮತ್ತೆ ಕೇಳಿಬಂತು.

ದೊರೆತಿರುವ ಸಾಕ್ಷ್ಯಗಳನ್ನು ಒಟ್ಟಾಗಿ ನೋಡಿದಲ್ಲಿ, ಗಾಜಿನ ಪೆಟ್ಟಿಗೆಯಲ್ಲಿರುವುದು ಲೆನಿನ್ ಅವರ ದೇಹವೇ, ಆದರೆ ಬಹಳಷ್ಟು ತುಂಬಿ, ತಿದ್ದಿ, ತೇಪೆ ಹಾಕಿದ ದೇಹ ಎಂಬ ತೀರ್ಮಾನಕ್ಕೆ ಬರಬೇಕಾಗುತ್ತದೆ. ಬೊಂಬೆಯ ವದಂತಿಯನ್ನು ಇಷ್ಟು ಕಾಲ ಜೀವಂತವಾಗಿ ಇರಿಸಿದ್ದು ಮೇಣವಲ್ಲ, ಮುಚ್ಚುಮರೆ. ಬಾಗಿಲು ತೆರೆದು ತೋರಿಸಬಹುದಾದುದನ್ನು ದಶಕಗಳ ಕಾಲ ಮುಚ್ಚಿಟ್ಟಲ್ಲಿ, ತೆರೆದ ದಿನವೂ ಜನರು ನಂಬುವುದು ಕಷ್ಟ.

ಪ್ರಮುಖ ಘಟ್ಟಗಳು

* 1924: ಲೆನಿನ್ ನಿಧನ, ವೊರೊಬಿಯೊವ್ ಹಾಗೂ ಝ್ಬಾರ್ಸ್ಕಿ ಅವರಿಂದ ದೇಹ ಸಂರಕ್ಷಣೆ, ಆಗಸ್ಟ್ 1ರಿಂದ ಸಾರ್ವಜನಿಕ ದರ್ಶನ
* 1930: ಶಿಲೆಯ ಸಮಾಧಿ ಭವನ ಪೂರ್ಣ
* 1941-45: ಸೈಬೀರಿಯಾದ ತ್ಯುಮೆನ್‌ನಲ್ಲಿ ಗುಪ್ತವಾಸ
* 1953: ಸ್ಟಾಲಿನ್ ದೇಹವನ್ನೂ ಸಂರಕ್ಷಿಸಿ ಅದೇ ಭವನದಲ್ಲಿ ಇರಿಸಲಾಯಿತು
* 1961: ಅಕ್ಟೋಬರ್ 31ರ ರಾತ್ರಿ ಸ್ಟಾಲಿನ್ ದೇಹವನ್ನು ಹೊರತೆಗೆದು ಕ್ರೆಮ್ಲಿನ್ ಗೋಡೆಯ ಬಳಿ ಹೂಳಲಾಯಿತು
* 1991: ಲೆನಿನ್ ದೇಹ ಹರಾಜಿಗಿದೆ ಎಂಬ ಹುಸಿ ಸುದ್ದಿಯನ್ನು ಅಮೆರಿಕದ ನಿಯತಕಾಲಿಕವೊಂದು ಹಾಸ್ಯಕ್ಕೆಂದು ಪ್ರಕಟಿಸಿತು, ಅಲ್ಲಿನ ದೂರದರ್ಶನ ವಾಹಿನಿಯೊಂದು ನಿಜವೆಂದೇ ಬಿತ್ತರಿಸಿತು, ಸೋವಿಯತ್ ಅಧಿಕಾರಿಗಳಿಂದ ನಿರಾಕರಣೆ
* 1993: ಸಮಾಧಿ ಭವನದ ಮುಂದಿನ ಗೌರವ ಪಹರೆ ರದ್ದು